ಗಾಡಿ ಹೊರಡಲು ಇಪ್ಪತ್ತು ನಿಮಿಷ: ಚೆಕಾವ್‌ನನ್ನು ರಂಗಕ್ಕೆ ತರುವ ಕಷ್ಟ

ಮನೆ ಖಾಲಿಯಾಗಿದೆ. ಕಿಟಕಿಗೆ ಪರದೆಯಿಲ್ಲ, ಗೋಡೆಯ ಮೇಲೆ ಪಟಗಳಿಲ್ಲ. ಮಿಕ್ಕ ಮೇಜು ಕುರ್ಚಿಗಳನ್ನು ಮಾರಾಟಕ್ಕಿಟ್ಟಂತೆ ಒಂದು ಮೂಲೆಗೆ ಒಟ್ಟಿದ್ದಾರೆ. ಅಲ್ಲಿ ಲೊಪಾಖಿನ್ ಎಂಬ ವ್ಯಾಪಾರಿ ನಿಂತಿದ್ದಾನೆ. ಇವನು ಈ ಮನೆಯ ಸಾಕುಮಗಳು ವಾರ್ಯಾಳನ್ನು ಮದುವೆಯಾಗುತ್ತಾನೆ ಎಂದು ಎಲ್ಲರೂ ಎರಡು ವರ್ಷದಿಂದ ಹೇಳುತ್ತಿದ್ದಾರೆ. ಅವನು ಮಾತ್ರ ಬಾಯಿ ಬಿಟ್ಟಿಲ್ಲ. ಈಗ ಮನೆಮಂದಿಯೆಲ್ಲ ಊರು ಬಿಡುವ ಗಳಿಗೆಯಲ್ಲಿ ಯಜಮಾನಿ ರನ್ಯೆವ್‌ಸ್ಕಾಯಾ ಅವನನ್ನು ನಿಲ್ಲಿಸಿ, ಒಂದು ನಿಮಿಷದ ಮಾತು ಸಾಕು ಎಂದು ಹೇಳಿ, ವಾರ್ಯಾಳನ್ನು ಒಳಗೆ ಕಳಿಸಿದ್ದಾಳೆ.

ವಾರ್ಯಾ ಬಂದವಳೇ ಗಂಟುಮೂಟೆಗಳ ನಡುವೆ ಏನನ್ನೋ ಹುಡುಕತೊಡಗುತ್ತಾಳೆ. ಸಿಗುತ್ತಿಲ್ಲವಲ್ಲ ಎನ್ನುತ್ತಾಳೆ. ಏನು ಹುಡುಕುತ್ತಿದ್ದೀರಿ ಎಂದು ಅವನು ಕೇಳುತ್ತಾನೆ. ನಾನೇ ಕಟ್ಟಿಟ್ಟದ್ದು, ನೆನಪಾಗುತ್ತಿಲ್ಲ ಎನ್ನುತ್ತಾಳೆ. ಮೌನ. ಮುಂದೆ ಎಲ್ಲಿಗೆ ಹೋಗುತ್ತೀರಿ? ಎಪ್ಪತ್ತು ವರ್ಸ್ಟ್ ಆಚೆ, ಅಂದರೆ ಸುಮಾರು 75 ಕಿಲೋಮೀಟರ್ ದೂರದ ಒಂದು ಮನೆಗೆ, ಮೇಲ್ವಿಚಾರಣೆಯ ಕೆಲಸಕ್ಕೆ. ಅವನೂ ಇದೇ ಗಾಡಿಗೆ ಖಾರ್ಕೊವ್‌ಗೆ ಹೊರಟಿದ್ದಾನಂತೆ. ಹೋದ ವರ್ಷ ಇಷ್ಟು ಹೊತ್ತಿಗೆ ಹಿಮ ಬೀಳುತ್ತಿತ್ತು, ಈ ಸಲ ಬಿಸಿಲಿದೆ, ಆದರೂ ಚಳಿ, ಸೊನ್ನೆಯಿಂದ ಮೂರು ಡಿಗ್ರಿ ಕೆಳಗಿದೆ ಎನ್ನುತ್ತಾನೆ. “ನಾನು ನೋಡಲಿಲ್ಲ” ಎನ್ನುತ್ತಾಳೆ ಅವಳು. ಮತ್ತೆ ಮೌನ. “ನಮ್ಮ ಥರ್ಮಾಮೀಟರೂ ಒಡೆದುಹೋಗಿದೆ.” ಹೊರಗಿನಿಂದ ಯಾರೋ ಅವನ ಹೆಸರು ಹಿಡಿದು ಕೂಗುತ್ತಾರೆ. ಆ ಕೂಗಿಗೇ ಬಹಳ ಹೊತ್ತಿನಿಂದ ಕಾಯುತ್ತಿದ್ದವನಂತೆ “ಬಂದೆ!” ಎಂದು ಅವನು ಓಡಿಬಿಡುತ್ತಾನೆ. ವಾರ್ಯಾ ನೆಲದ ಮೇಲೆ ಕುಳಿತು, ಬಟ್ಟೆಯ ಗಂಟಿಗೆ ತಲೆಯಾನಿಸಿ, ಸದ್ದಿಲ್ಲದೆ ಅಳುತ್ತಾಳೆ.

ರಷ್ಯನ್ ನಾಟಕಕಾರ ಆಂಟನ್ ಚೆಕಾವ್‌ನ ಕೊನೆಯ ನಾಟಕ ‘ಚೆರ್ರಿ ತೋಪು’ವಿನ ನಾಲ್ಕನೇ ಅಂಕದಲ್ಲಿ ಬರುವ ದೃಶ್ಯ ಇದು. ಇಬ್ಬರ ನಡುವೆ ಮದುವೆ ಎಂಬ ಶಬ್ದವೇ ಬರುವುದಿಲ್ಲ. ಪ್ರೀತಿ ಎಂಬುದಂತೂ ದೂರದ ಮಾತು. ಓದುವಾಗ ಕಣ್ಣು ಜಾರಿಸಿ ಮುಂದೆ ಹೋಗಿಬಿಡಬಹುದು. ಆದರೆ ಇದನ್ನು ಆಡಬೇಕಾದ ನಟ ನಟಿಯರಿಗೆ ಒಂದು ಪ್ರಶ್ನೆ ಎದುರಾಗುತ್ತದೆ: ಇದು ನಗುವ ದೃಶ್ಯವೋ, ಅಳುವ ದೃಶ್ಯವೋ?

ಕೆಲವು ವರ್ಷಗಳ ಹಿಂದೆ ಒಂದು ಹವ್ಯಾಸಿ ತಂಡ ಈ ಅಂಕವನ್ನಷ್ಟೇ ಕನ್ನಡದಲ್ಲಿ ಆಡಲು ಹೊರಟಿತ್ತು. ತಾಲೀಮಿನಲ್ಲಿ ಪ್ರತಿ ಹಿಡಿದು ಮಾತು ಎತ್ತಿಕೊಡುವ ಕೆಲಸ ನನ್ನದು. ವಾರ್ಯಾ ಪಾತ್ರದ ಹುಡುಗಿ ಮೂರನೆಯ ದಿನ ಕೇಳಿದಳು: “ಸಾರ್, ಇವಳು ನಿಜಕ್ಕೂ ಏನು ಹುಡುಕುತ್ತಿದ್ದಾಳೆ?” ಅದೊಂದು ನೆಪ, ಅದಕ್ಕೆಲ್ಲ ತಲೆ ಕೆಡಿಸಿಕೊಳ್ಳಬೇಡಮ್ಮ ಎಂದರು ನಿರ್ದೇಶಕರು. ಅವಳು ಬಿಡಲಿಲ್ಲ. ನಾವು ಆಡದ ಮೂರನೇ ಅಂಕವನ್ನು ಮನೆಯಲ್ಲಿ ಓದಿಕೊಂಡು ಬಂದಳು. ಅಲ್ಲಿ, ತೋಪನ್ನು ಹರಾಜಿನಲ್ಲಿ ಕೊಂಡವನು ಲೊಪಾಖಿನ್‌ನೇ ಎಂದು ಗೊತ್ತಾದ ಕೂಡಲೇ ವಾರ್ಯಾ ಸೊಂಟದಲ್ಲಿದ್ದ ಬೀಗದ ಕೈ ಗೊಂಚಲನ್ನು ಬಿಚ್ಚಿ ನೆಲಕ್ಕೆ ಎಸೆದು ಹೋಗುತ್ತಾಳೆ. ಮರುದಿನದ ತಾಲೀಮಿನಲ್ಲಿ ಗಂಟುಗಳನ್ನು ತಡಕಾಡುತ್ತಿದ್ದವಳ ಎಡಗೈ ಎರಡು ಸಲ ತಾನಾಗಿ ಸೊಂಟಕ್ಕೆ ಹೋಯಿತು. ಅಲ್ಲಿ ಏನೂ ಇರಲಿಲ್ಲ. ನಾವೆಲ್ಲ ನಕ್ಕೆವು, ಆಮೇಲೆ ಸುಮ್ಮನಾದೆವು.

ನಗುವೋ ಅಳುವೋ ಎಂಬ ಪ್ರಶ್ನೆಗೆ ನೂರಿಪ್ಪತ್ತು ವರ್ಷದ ಇತಿಹಾಸವಿದೆ. ಅದನ್ನು ಮೊದಲು ಎತ್ತಿ ಜಗಳವಾಡಿದವರು ನಾಟಕಕಾರ ಮತ್ತು ಅವನ ನಾಟಕವನ್ನು ಮೊದಲು ರಂಗಕ್ಕೆ ತಂದ ನಿರ್ದೇಶಕ, ಇಬ್ಬರೇ. ಚೆಕಾವ್ 1903ರಲ್ಲಿ, ಕ್ಷಯರೋಗದಿಂದ ಸೊರಗಿ, ಯಾಲ್ಟಾದಲ್ಲಿ ಕುಳಿತು ಈ ನಾಟಕ ಬರೆದ. ಹೆಸರಿನ ಕೆಳಗೆ ‘ನಾಲ್ಕು ಅಂಕಗಳ ಕಾಮಿಡಿ’ ಎಂದು ಹಾಕಿದ. ಇದು ಕಾಮಿಡಿ, ಅಲ್ಲಲ್ಲಿ ಪ್ರಹಸನವೇ ಆಗಿದೆ ಎಂದು ನಟಿ ಲಿಲಿನಾಗೆ ಪತ್ರ ಬರೆದ. ಲಿಲಿನಾಳ ಗಂಡನೇ ಮಾಸ್ಕೋ ಆರ್ಟ್ ಥಿಯೇಟರಿನ ಕಾನ್‌ಸ್ಟಾಂಟಿನ್ ಸ್ಟಾನಿಸ್ಲಾವ್‌ಸ್ಕಿ. ಅವನು ನಾಟಕ ಓದಿ ಗಳಗಳನೆ ಅತ್ತ. ನೀವು ಹೇಳಿದ ಹಾಗೆ ಇದು ಕಾಮಿಡಿಯೂ ಅಲ್ಲ, ಪ್ರಹಸನವೂ ಅಲ್ಲ, ಇದು ದುರಂತ ಎಂದು ಚೆಕಾವ್‌ಗೇ ಬರೆದ. 1904ರ ಜನವರಿ 17ರಂದು, ಹಳೆಯ ರಷ್ಯನ್ ಪಂಚಾಂಗದ ಪ್ರಕಾರ ಚೆಕಾವ್‌ಗೆ 44 ತುಂಬಿದ ದಿನ, ನಾಟಕದ ಮೊದಲ ಪ್ರದರ್ಶನವಾಯಿತು. ಏಪ್ರಿಲ್‌ನಲ್ಲಿ ಅವನು ಹೆಂಡತಿ ಓಲ್ಗಾ ಕ್ನಿಪ್ಪರ್‌ಗೆ ಬರೆದ ಪತ್ರದಲ್ಲಿ ಸಿಟ್ಟು ಇನ್ನೂ ಆರಿಲ್ಲ: ಜಾಹೀರಾತುಗಳಲ್ಲಿ ನನ್ನ ನಾಟಕವನ್ನು ಪಟ್ಟು ಹಿಡಿದು ‘ಡ್ರಾಮಾ’ ಎಂದೇಕೆ ಕರೆಯುತ್ತಾರೆ?

ಇಷ್ಟನ್ನು ಎಲ್ಲ ಪುಸ್ತಕಗಳೂ ಹೇಳುತ್ತವೆ. ಹೇಳಿ, ಎರಡೂ ಸರಿ, ಚೆಕಾವ್‌ನಲ್ಲಿ ನಗುವೂ ಅಳುವೂ ಬೆರೆತಿವೆ ಎಂದು ಕೈತೊಳೆದುಕೊಳ್ಳುತ್ತವೆ. ಆ ಮಾತಿನಿಂದ ನಟನಿಗೆ ಮೂರು ಕಾಸಿನ ಉಪಯೋಗವಿಲ್ಲ. ‘ಬೆರಕೆ’ಯನ್ನು ಆಡುವುದು ಹೇಗೆ? ಚೆಕಾವ್‌ನ ಇನ್ನೊಂದು ದೂರು ಹೆಚ್ಚು ಉಪಯೋಗದ್ದು. ಅದೇ ವರ್ಷದ ಮಾರ್ಚ್ ತಿಂಗಳ ಪತ್ರದಲ್ಲಿ ಅವನು, ಹೆಚ್ಚೆಂದರೆ 12 ನಿಮಿಷ ನಡೆಯಬೇಕಾದ ಅಂಕ ನಿಮ್ಮಲ್ಲಿ 40 ನಿಮಿಷ ನಡೆಯುತ್ತಿದೆ, ಸ್ಟಾನಿಸ್ಲಾವ್‌ಸ್ಕಿ ನನ್ನ ನಾಟಕವನ್ನು ಹಾಳುಮಾಡಿದ ಎಂದಿದ್ದಾನೆ. ಅಂದರೆ ನಾಟಕಕಾರನ ತಕರಾರು ಇದ್ದದ್ದು ಗಡಿಯಾರದ ಬಗ್ಗೆ.

ಆ ಗಡಿಯಾರವನ್ನು ಅವನು ನಾಟಕದೊಳಗೇ ಇಟ್ಟಿದ್ದಾನೆ. ನಾಲ್ಕನೇ ಅಂಕ ಶುರುವಾದ ಸ್ವಲ್ಪ ಹೊತ್ತಿಗೆ ಲೊಪಾಖಿನ್ ಎಲ್ಲರಿಗೂ ಕೂಗಿ ಹೇಳುತ್ತಾನೆ: ರೈಲಿಗೆ ಇನ್ನು 46 ನಿಮಿಷವಷ್ಟೇ ಇದೆ, ಇಪ್ಪತ್ತು ನಿಮಿಷದಲ್ಲಿ ನಿಲ್ದಾಣಕ್ಕೆ ಹೊರಡಬೇಕು, ಬೇಗ ಬೇಗ. ಆಮೇಲೆ ರನ್ಯೆವ್‌ಸ್ಕಾಯಾ ಬಂದು ಹತ್ತು ನಿಮಿಷದಲ್ಲಿ ಬಂಡಿ ಹತ್ತೋಣ ಎನ್ನುತ್ತಾಳೆ. ಇನ್ನಷ್ಟು ಹೊತ್ತು ಕಳೆದು ಗಡಿಯಾರ ನೋಡಿ, ಇನ್ನೂ ಐದು ನಿಮಿಷವಿದೆ ಎನ್ನುತ್ತಾಳೆ. ವಾರ್ಯಾಳ ಮದುವೆಯ ಮಾತು ಎತ್ತುವುದು ಆ ಐದು ನಿಮಿಷದೊಳಗೆ, ಮತ್ತು ಅದಕ್ಕೆ ಆಕೆ ಕೊಡುವ ಅವಧಿ ಒಂದು ನಿಮಿಷ. ನಲವತ್ತಾರು, ಇಪ್ಪತ್ತು, ಹತ್ತು, ಐದು, ಒಂದು. ರಂಗಸೂಚನೆಗಳಿಗಿಂತ ಸ್ಪಷ್ಟವಾದ ನಿರ್ದೇಶನ ಇದು. ಒಂದು ಜೀವಮಾನದ ವಿಷಯವನ್ನು ರೈಲು ತಪ್ಪಿಸಿಕೊಳ್ಳದ ಹಾಗೆ ಮುಗಿಸಬೇಕು. ಹೊರಗೆ ಬಂಡಿ ನಿಂತಿದೆ ಎಂಬ ಅವಸರ ನಟನ ಮೈಯಲ್ಲಿದ್ದರೆ ಥರ್ಮಾಮೀಟರಿನ ಮಾತು ತಾನೇ ನಗೆ ತರಿಸುತ್ತದೆ, ಆ ನಗೆಯೇ ಹೊಟ್ಟೆಯಲ್ಲಿ ಚುಚ್ಚುತ್ತದೆ. ಅದೇ ಮಾತನ್ನು ಕಿಟಕಿಯಾಚೆ ನೋಡುತ್ತ, ಹಿನ್ನೆಲೆಯಲ್ಲಿ ಪಿಟೀಲು ಬಿಟ್ಟು, ನಿಟ್ಟುಸಿರಿನ ಜೊತೆ ಹೇಳಿದರೆ ಎಲ್ಲರಿಗೂ ಒಂದು ಸಿಹಿ ದುಃಖವಾಗುತ್ತದೆ, ಅಷ್ಟೇ. ನನ್ನ ಮಟ್ಟಿಗೆ ಚೆಕಾವ್‌ನ ನಾಟಕಗಳು ಕೆಡುವ ಮೊದಲ ಕಾರಣ ನಿಧಾನ.

ಹಾಗೆ ನೋಡಿದರೆ ಇಡೀ ನಾಟಕವೇ ಗಡಿಯಾರ ಇರುವವರ ಮತ್ತು ಇಲ್ಲದವರ ನಡುವಿನ ಕಥೆ. ಮೊದಲ ಅಂಕ ಆರಂಭವಾಗುವುದು ಎರಡು ಗಂಟೆ ತಡವಾಗಿ ಬಂದ ರೈಲಿನಿಂದ. ಎದುರುಗೊಳ್ಳಲು ಬಂದ ಲೊಪಾಖಿನ್ ನಿದ್ದೆ ಹೋಗಿ ನಿಲ್ದಾಣಕ್ಕೆ ಹೋಗುವುದೇ ತಪ್ಪಿಹೋಗಿದೆ. ಎಸ್ಟೇಟು ಸಾಲದಲ್ಲಿದೆ, ಆಗಸ್ಟ್ 22ಕ್ಕೆ ಹರಾಜು. ತೋಪನ್ನು ಕಡಿದು, ನೆಲವನ್ನು ತುಂಡು ಮಾಡಿ, ಬೇಸಿಗೆ ಮನೆ ಕಟ್ಟಿಕೊಳ್ಳುವವರಿಗೆ ಗುತ್ತಿಗೆಗೆ ಕೊಡಿ, ವರ್ಷಕ್ಕೆ ಕನಿಷ್ಠ 25 ಸಾವಿರ ರೂಬಲ್ ಬರುತ್ತದೆ ಎಂದು ಅವನು ದಾರಿ ತೋರಿಸುತ್ತಾನೆ. ಬೆಂಗಳೂರಿನ ಸುತ್ತಮುತ್ತ ಹುಟ್ಟಿ ಬೆಳೆದ ನಟನಿಗೆ ಈ ಯೋಜನೆಯನ್ನು ಬಿಡಿಸಿ ಹೇಳಬೇಕಾದ ಅಗತ್ಯವೇ ಇಲ್ಲ. ಮನೆಯವರು ಮಾತ್ರ ಕೇಳಿಸಿಕೊಳ್ಳುವುದಿಲ್ಲ. ಅಣ್ಣ ಗಾಯೆವ್ ನೂರು ವರ್ಷ ಹಳೆಯ ಪುಸ್ತಕದ ಕಪಾಟಿನ ಎದುರು ನಿಂತು “ಪ್ರಿಯ, ಮಾನ್ಯ ಕಪಾಟೇ!” ಎಂದು ಭಾಷಣ ಮಾಡುತ್ತಾನೆ. ಮೊದಲ ಪ್ರದರ್ಶನದ ರಾತ್ರಿ ಅಂಕಗಳ ನಡುವೆ ಚೆಕಾವ್‌ಗೆ ಸನ್ಮಾನ ಇಟ್ಟುಕೊಂಡಿದ್ದರು. ಕೆಮ್ಮುತ್ತ, ಬಿಳಿಚಿಕೊಂಡು ವೇದಿಕೆಯ ಮೇಲೆ ನಿಂತಿದ್ದವನನ್ನು ಉದ್ದೇಶಿಸಿ ಒಬ್ಬರು ಹೆಚ್ಚುಕಡಿಮೆ ಅದೇ ಧಾಟಿಯಲ್ಲಿ, ಕಪಾಟಿನ ಜಾಗದಲ್ಲಿ ಅವನ ಹೆಸರಿಟ್ಟು, ಭಾಷಣ ಶುರುಮಾಡಿದರಂತೆ. ಗಾಯೆವ್ ಪಾತ್ರ ಮಾಡುತ್ತಿದ್ದ ಸ್ಟಾನಿಸ್ಲಾವ್‌ಸ್ಕಿಯ ಕಡೆ ಚೆಕಾವ್ ಓರೆಗಣ್ಣಿನಿಂದ ನೋಡಿ ತುಟಿಯಂಚಿನಲ್ಲಿ ನಕ್ಕನಂತೆ. ಇದನ್ನು ಬರೆದಿಟ್ಟವನು ಸ್ಟಾನಿಸ್ಲಾವ್‌ಸ್ಕಿಯೇ.

ಹಾಗೆಂದು ಸ್ಟಾನಿಸ್ಲಾವ್‌ಸ್ಕಿಯನ್ನು ಖಳನನ್ನಾಗಿ ಮಾಡುವುದು ನ್ಯಾಯವಲ್ಲ. ಅವನಿಲ್ಲದಿದ್ದರೆ ‘ಚೆರ್ರಿ ತೋಪು’ ಬರೆಯಲು ಚೆಕಾವ್ ಉಳಿಯುತ್ತಲೇ ಇರಲಿಲ್ಲ ಎಂದು ಬೇಕಾದರೂ ಹೇಳಬಹುದು. 1896ರ ಅಕ್ಟೋಬರ್ 17ರಂದು ಸೇಂಟ್ ಪೀಟರ್ಸ್‌ಬರ್ಗಿನ ಅಲೆಕ್ಸಾಂಡ್ರಿನ್‌ಸ್ಕಿ ರಂಗಮಂದಿರದಲ್ಲಿ ‘ಕಡಲಹಕ್ಕಿ’ ಮೊದಲ ಸಲ ಪ್ರದರ್ಶನಗೊಂಡಿತು. ಅಂದು ಒಬ್ಬ ಜನಪ್ರಿಯ ಹಾಸ್ಯನಟಿಯ ಸಹಾಯಾರ್ಥ ಪ್ರದರ್ಶನ; ಬಂದ ಜನ ನಗಲೆಂದೇ ಬಂದವರು. ನೀನಾಳ ಸ್ವಗತಕ್ಕೇ ನಕ್ಕರು. ಚೆಕಾವ್ ಮಂದಿರದಿಂದ ಎದ್ದು ರಾತ್ರಿಯೆಲ್ಲ ಬೀದಿ ಸುತ್ತಿದ, ಏಳುನೂರು ವರ್ಷ ಬದುಕಿದರೂ ಇನ್ನೊಂದು ನಾಟಕ ಕೊಡುವುದಿಲ್ಲ ಎಂದ. ಎರಡು ವರ್ಷದ ಮೇಲೆ, 1898ರ ಡಿಸೆಂಬರ್ 17ರಂದು, ಆಗಷ್ಟೇ ಬಾಗಿಲು ತೆರೆದಿದ್ದ ಮಾಸ್ಕೋ ಆರ್ಟ್ ಥಿಯೇಟರ್ ಅದೇ ನಾಟಕವನ್ನು ಆಡಿತು. ಮೊದಲ ಅಂಕದ ಪರದೆ ಬಿದ್ದಾಗ ಸಭಾಂಗಣದಲ್ಲಿ ಉಸಿರಿಲ್ಲ. ನಟರು ಸೋತೆವು ಎಂದುಕೊಂಡರು. ಆಮೇಲೆ ಚಪ್ಪಾಳೆ ಒಡೆಯಿತು. ಆ ಥಿಯೇಟರಿನ ಲಾಂಛನ ಇಂದಿಗೂ ಕಡಲಹಕ್ಕಿ.

ಎರಡು ಪ್ರದರ್ಶನಗಳ ನಡುವೆ ಬದಲಾದದ್ದೇನು? ಹಳೆಯ ರಂಗಪದ್ಧತಿಯಲ್ಲಿ ಮಾತು ಬಂದವನು ಮುಂದೆ ಬಂದು ಸಭೆಗೆ ಮುಖ ಮಾಡಿ ಹೇಳುತ್ತಿದ್ದ, ಮಿಕ್ಕವರು ತಮ್ಮ ಸರದಿಗೆ ಕಾಯುತ್ತಿದ್ದರು. ಸ್ಟಾನಿಸ್ಲಾವ್‌ಸ್ಕಿ ಮತ್ತು ಅವನ ಜೊತೆಗಾರ ನೆಮಿರೋವಿಚ್ ದಾಂಚೆಂಕೊ ಕಂಡುಕೊಂಡದ್ದು ಇಷ್ಟು: ಚೆಕಾವ್‌ನ ಪಾತ್ರಗಳು ಮನಸ್ಸಿನಲ್ಲಿರುವುದನ್ನು ಹೇಳುವುದಿಲ್ಲ, ಅದನ್ನು ಮುಚ್ಚಲು ಬೇರೇನನ್ನೋ ಹೇಳುತ್ತವೆ. ಮಾತಿನ ಅಡಿಯಲ್ಲಿ ಇನ್ನೊಂದು ಹರಿವು ಇದೆ. ‘ವಾನ್ಯಾ ಮಾಮ’ದ ಕೊನೆಯಲ್ಲಿ, ಎಲ್ಲವೂ ಮುರಿದುಬಿದ್ದ ಮೇಲೆ, ಡಾಕ್ಟರ್ ಆಸ್ತ್ರೊವ್ ಗೋಡೆಯಲ್ಲಿರುವ ಆಫ್ರಿಕಾದ ನಕ್ಷೆಯನ್ನು ನೋಡಿ, ಆ ಆಫ್ರಿಕಾದಲ್ಲಿ ಈಗ ಭಯಂಕರ ಸೆಕೆ ಇರಬೇಕು ಎನ್ನುತ್ತಾನೆ. ಸಾವಿನ ಮನೆಯಲ್ಲಿ ಕುಳಿತು ಈ ಸಲದ ಮಳೆಯ ಬಗ್ಗೆ ಮಾತಾಡಿದ ಯಾರಿಗೂ ಆ ಸಾಲಿನ ಅರ್ಥ ಹೇಳಿಕೊಡಬೇಕಾಗಿಲ್ಲ.

ಈ ಒಳಹರಿವನ್ನು ನಟನೊಬ್ಬನೇ ತನ್ನ ಮುಖದಲ್ಲಿ ತರಬೇಕು ಎಂದುಕೊಳ್ಳುವುದು ಎರಡನೆಯ ದೊಡ್ಡ ತಪ್ಪು. ಚೆಕಾವ್ ಅದನ್ನು ಹಲವರ ನಡುವೆ ಹಂಚಿಟ್ಟಿರುತ್ತಾನೆ. ‘ಮೂವರು ಅಕ್ಕತಂಗಿಯರು’ ನಾಟಕದ ಆರಂಭ ನೋಡಿ. ಮುಂದೆ ಓಲ್ಗಾ ತಂಗಿಯರೊಂದಿಗೆ, ಇಂದು ಬೆಳಗ್ಗೆ ಬೆಳಕು ಕಂಡೊಡನೆ ಹುಟ್ಟಿದ ಊರಿಗೆ, ಮಾಸ್ಕೋಗೆ, ಹೋಗಬೇಕೆಂದು ಜೀವ ಹಂಬಲಿಸಿತು ಎನ್ನುತ್ತಾಳೆ. ಹಿಂದಿನ ಕೋಣೆಯಲ್ಲಿ ಗಂಡಸರು ತಮ್ಮಷ್ಟಕ್ಕೆ ಬೇರೇನೋ ಹರಟುತ್ತ ಬರುತ್ತಾರೆ. ಅವಳ ಮಾತು ಮುಗಿದ ಕೂಡಲೇ ಮುದಿ ಡಾಕ್ಟರು “ಎಲ್ಲಾದರೂ ಉಂಟೇ!” ಎನ್ನುತ್ತಾನೆ, ಇನ್ನೊಬ್ಬ “ಶುದ್ಧ ಅಸಂಬದ್ಧ” ಎನ್ನುತ್ತಾನೆ. ಅವರು ಅವಳಿಗೆ ಉತ್ತರ ಕೊಟ್ಟದ್ದಲ್ಲ, ಅವಳಿಗೆ ಅದು ಕೇಳಿಸಲೂ ಇಲ್ಲ. ಪ್ರೇಕ್ಷಕನಿಗೆ ಮಾತ್ರ ಎರಡೂ ಒಟ್ಟಿಗೆ ಕೇಳುತ್ತದೆ. ಇವರು ಮಾಸ್ಕೋಗೆ ಹೋಗುವುದಿಲ್ಲ ಎಂದು ಮೊದಲ ಎರಡು ನಿಮಿಷದಲ್ಲೇ ನಾಟಕ ನಮಗೆ ಹೇಳಿಬಿಟ್ಟಿದೆ. ಆ ಗಂಡಸರನ್ನು ರಂಗದ ಮೇಲೆ ಎಲ್ಲಿ ನಿಲ್ಲಿಸುತ್ತೀರಿ, ಅವರ ದನಿ ಎಷ್ಟು ಕೇಳಬೇಕು ಎಂಬುದೇ ಇಲ್ಲಿ ವ್ಯಾಖ್ಯಾನ. ಅವರನ್ನು ಮರೆಯಲ್ಲಿಟ್ಟರೆ ಓಲ್ಗಾಳ ಮಾತು ಬರೀ ಕನಸಾಗುತ್ತದೆ. ಪಕ್ಕದಲ್ಲೇ ನಿಲ್ಲಿಸಿದರೆ ಕುಹಕವಾಗುತ್ತದೆ. ಚೆಕಾವ್‌ನನ್ನು ನಿರ್ದೇಶಿಸುವುದೆಂದರೆ ಬಹುಪಾಲು ಇಂಥ ಅಳತೆಯ ಕೆಲಸ. ಯಾರು ಯಾರ ಮಾತನ್ನು ಕೇಳಿಸಿಕೊಳ್ಳುತ್ತಿಲ್ಲ ಎಂಬುದನ್ನು ಜೋಡಿಸುವುದು.

ಸದ್ದುಗಳ ವಿಷಯಕ್ಕೆ ಬಂದರೆ ಮತ್ತೆ ಜಗಳ. ‘ಕಡಲಹಕ್ಕಿ’ಯ ತಾಲೀಮಿಗೆ ಚೆಕಾವ್ ಬಂದಾಗ ನಟನೊಬ್ಬ, ಪರದೆಯ ಹಿಂದೆ ಕಪ್ಪೆ ಕೂಗುತ್ತದೆ, ನಾಯಿ ಬೊಗಳುತ್ತದೆ ಎಂದು ಉತ್ಸಾಹದಿಂದ ಹೇಳಿದ. ಯಾಕೆ ಎಂದು ಕೇಳಿದ ಚೆಕಾವ್. ವಾಸ್ತವಕ್ಕೆ ಎಂದ ಇವನು. ಅದಕ್ಕೆ ಚೆಕಾವ್ ಹೇಳಿದ್ದನ್ನು ಆ ನಾಟಕದಲ್ಲಿ ತ್ರೆಪ್ಲೆವ್ ಪಾತ್ರ ಮಾಡಿದ ಮೆಯೆರ್‌ಹೋಲ್ಡ್ ದಿನಚರಿಯಲ್ಲಿ ಬರೆದಿಟ್ಟಿದ್ದಾನೆ: ಚಿತ್ರಕಾರ ಕ್ರಾಮ್‌ಸ್ಕೊಯ್‌ನ ಒಂದು ಚಿತ್ರದಲ್ಲಿ ಮುಖಗಳು ಅದ್ಭುತವಾಗಿವೆ, ಒಂದು ಮುಖದ ಮೂಗನ್ನು ಕತ್ತರಿಸಿ ಅಲ್ಲಿ ನಿಜವಾದ ಮೂಗು ಇಟ್ಟರೆ? ಮೂಗು ವಾಸ್ತವ, ಚಿತ್ರ ಹಾಳು. ‘ಚೆರ್ರಿ ತೋಪು’ವಿನ ಎರಡನೇ ಅಂಕಕ್ಕೂ ಸ್ಟಾನಿಸ್ಲಾವ್‌ಸ್ಕಿಗೆ ಕಪ್ಪೆ ಬೇಕಿತ್ತು, ಹುಲ್ಲುಗಾವಲಿನ ಒಂದು ಹಕ್ಕಿಯ ಕೂಗು ಬೇಕಿತ್ತು, ದೂರದಲ್ಲಿ ರೈಲೂ ಹಾದುಹೋಗಬೇಕಿತ್ತು. ಚೆಕಾವ್ ಹಳ್ಳಿಯ ಮನೆಯಲ್ಲಿ ವರ್ಷಗಟ್ಟಲೆ ಇದ್ದವನು. ಅಂಕದಲ್ಲಿ ಹುಲ್ಲು ಕೊಯ್ಲಿನ ಕಾಲ, ಅಂದರೆ ಜೂನ್ 20ರಿಂದ 25. ಅಷ್ಟು ಹೊತ್ತಿಗೆ ಆ ಹಕ್ಕಿ ಕೂಗುವುದಿಲ್ಲ, ಕಪ್ಪೆಗಳೂ ಸುಮ್ಮನಾಗಿರುತ್ತವೆ ಎಂದು ಉತ್ತರ ಬರೆದ. ಇದಕ್ಕಿಂತ ಒಳ್ಳೆಯ ರಂಗವಿಮರ್ಶೆಯನ್ನು ನಾನು ಓದಿಲ್ಲ.

ಆದರೆ ಸದ್ದೇ ಬೇಡ ಎಂದವನಲ್ಲ ಅವನು. ಅದೇ ಎರಡನೇ ಅಂಕದಲ್ಲಿ ಎಲ್ಲರೂ ಸುಮ್ಮನೆ ಕುಳಿತಿರುವಾಗ ಆಕಾಶದಿಂದ ಬಂದಂತೆ, ತಂತಿ ಹರಿದಂತೆ ಒಂದು ಸದ್ದು ಕೇಳಿ, ವಿಷಾದದಿಂದ ಕರಗಿಹೋಗುತ್ತದೆ. ನೂರು ವರ್ಷದಿಂದ ಶಬ್ದ ವಿನ್ಯಾಸಕಾರರು ಇದಕ್ಕೆ ತಲೆ ಕೆಡಿಸಿಕೊಂಡಿದ್ದಾರೆ. ನನಗೆ ಮುಖ್ಯವೆನಿಸುವುದು ಸದ್ದಿನ ನಂತರದ ನಾಲ್ಕು ಮಾತುಗಳು. ಲೊಪಾಖಿನ್: ದೂರದ ಗಣಿಯಲ್ಲೆಲ್ಲೋ ತೊಟ್ಟಿ ಕಳಚಿ ಬಿದ್ದಿರಬೇಕು. ಗಾಯೆವ್: ಯಾವುದೋ ಹಕ್ಕಿ, ಬಕ ಇರಬಹುದು. ವಿದ್ಯಾರ್ಥಿ ತ್ರೊಫಿಮೊವ್: ಗೂಬೆ. 87 ವರ್ಷದ ಮುದಿ ಆಳು ಫಿರ್ಸ್: ಆ ಅನಾಹುತಕ್ಕೆ ಮುಂಚೆಯೂ ಹೀಗೇ ಆಗಿತ್ತು, ಗೂಬೆ ಕಿರುಚಿತ್ತು. ಯಾವ ಅನಾಹುತ? “ಬಿಡುಗಡೆ.” 1861ರಲ್ಲಿ ಜೀತದಾಳುಗಳಿಗೆ ಸ್ವಾತಂತ್ರ್ಯ ಬಂದದ್ದನ್ನು, ತಾನೇ ಜೀತದಲ್ಲಿದ್ದ ಮುದುಕ, ಅನಾಹುತ ಎನ್ನುತ್ತಿದ್ದಾನೆ. ಒಂದೇ ಸದ್ದು, ವ್ಯಾಪಾರಿಗೆ ಯಂತ್ರ, ಜಮೀನ್ದಾರನಿಗೆ ಹಕ್ಕಿ, ಮುದುಕನಿಗೆ ಇತಿಹಾಸ. ಸದ್ದು ಏನೆಂದು ಸ್ಪಷ್ಟವಾಗಿ ಗುರುತಿಸುವ ಹಾಗೆ ಮಾಡಿದ ದಿನ ಈ ನಾಲ್ಕು ಸಾಲುಗಳು ಸತ್ತಂತೆಯೇ.

ಪಾತ್ರ ಹಂಚಿಕೆಯಲ್ಲಿ ಹೆಚ್ಚು ತಪ್ಪಾಗುವುದು ಲೊಪಾಖಿನ್‌ನ ವಿಷಯದಲ್ಲಿ. ತೋಪು ಕಡಿಸುವವನು, ದುಡ್ಡಿನವನು, ಆಳಿನ ಮಗ. ಸಿನಿಮಾ ನೋಡಿ ಬೆಳೆದ ನಮಗೆ ಇವನು ಖಳ ಎಂದು ತೀರ್ಮಾನಿಸಲು ಅರೆಗಳಿಗೆ ಸಾಕು. ಚೆಕಾವ್ ಈ ಪಾತ್ರವನ್ನು ಬರೆದದ್ದು ಸ್ಟಾನಿಸ್ಲಾವ್‌ಸ್ಕಿಗೆಂದು. ಇವನು ವ್ಯಾಪಾರಿ ನಿಜ, ಆದರೆ ಎಲ್ಲ ಅರ್ಥದಲ್ಲೂ ಸಭ್ಯ. ವಾರ್ಯಾಳಂಥ ಗಂಭೀರ, ದೈವಭಕ್ತ ಹುಡುಗಿ ಯಾವನೋ ಸುಲಿಗೆಕೋರನನ್ನು ಪ್ರೀತಿಸುತ್ತಿರಲಿಲ್ಲ ಎಂದು ಅವನಿಗೆ ಪತ್ರವನ್ನೂ ಬರೆದ. ಸ್ಟಾನಿಸ್ಲಾವ್‌ಸ್ಕಿ ಮಾತ್ರ ಜಮೀನ್ದಾರ ಗಾಯೆವ್‌ನ ಪಾತ್ರವನ್ನು ಎತ್ತಿಕೊಂಡ. ಶ್ರೀಮಂತ ಗಿರಣಿ ಮಾಲೀಕರ ಮನೆಯಲ್ಲಿ ಹುಟ್ಟಿದವನು ಜಮೀನ್ದಾರನಾದ. ಲೊಪಾಖಿನ್‌ನ ರಕ್ತ ಇದ್ದದ್ದು ಚೆಕಾವ್‌ನಲ್ಲಿ. ಅವನ ಅಜ್ಜ ಜೀತದಾಳಾಗಿದ್ದು 1841ರಲ್ಲಿ ದುಡ್ಡು ತೆತ್ತು ಕುಟುಂಬದ ಬಿಡುಗಡೆ ಕೊಂಡವನು. ಅಪ್ಪ ತಗಾನ್‌ರೋಗ್‌ನಲ್ಲಿ ದಿನಸಿ ಅಂಗಡಿ ಇಟ್ಟು ದಿವಾಳಿಯಾಗಿ 1876ರಲ್ಲಿ ಮಾಸ್ಕೋಗೆ ಓಡಿಹೋದ. ಅವರ ಮನೆ, ನೆರವಾಗುತ್ತೇನೆ ಎಂದಿದ್ದ ಪರಿಚಯಸ್ಥನೊಬ್ಬನ ಪಾಲಾಯಿತು. ಮೂರನೇ ಅಂಕದಲ್ಲಿ ಲೊಪಾಖಿನ್ ಹರಾಜು ಗೆದ್ದು, ಕುಡಿದು ಬಂದು, ನನ್ನ ಅಪ್ಪ ಅಜ್ಜ ಜೀತ ಮಾಡಿದ, ಅಡುಗೆಮನೆಯೊಳಗೂ ಕಾಲಿಡಲು ಬಿಡದಿದ್ದ ಎಸ್ಟೇಟನ್ನು ಕೊಂಡೆ ಎಂದು ಕೂಗುತ್ತಾನೆ. ಅದು ಗೆಲುವಿನ ಕೂಗು, ಅದೇ ಉಸಿರಿನಲ್ಲಿ ನಾಚಿಕೆಯೂ ಇದೆ. ಎದುರಿನಲ್ಲಿ ರನ್ಯೆವ್‌ಸ್ಕಾಯಾ ಕುಗ್ಗಿ ಕುಳಿತು ಅಳುತ್ತಿದ್ದಾಳೆ, ಮತ್ತು ಅವಳೆಂದರೆ ಅವನಿಗೆ ಚಿಕ್ಕಂದಿನಿಂದ ಪ್ರಾಣ. ಇದನ್ನು ಬಿಟ್ಟು ಮೀಸೆ ತಿರುವುವ ಸಾಹುಕಾರನನ್ನು ನಿಲ್ಲಿಸಿದರೆ ನಾಟಕ ಒಂದು ಪಾಠವಾಗುತ್ತದೆ.

ನಟರು ವಿವರಣೆ ಕೇಳಿದಾಗ ಚೆಕಾವ್ ಉದ್ದುದ್ದ ಹೇಳುತ್ತಿರಲಿಲ್ಲ. ವಾನ್ಯಾ ಮಾಮನನ್ನು ಬೂಟು ಹಾಕಿದ ಒರಟು ಹಳ್ಳಿಗನ ಹಾಗೆ ಆಡುತ್ತಾರೆ ಎಂದು ಕೇಳಿ ಸಿಟ್ಟಾದ: ಅವನು ಸೊಗಸಾದ ಟೈ ಕಟ್ಟುತ್ತಾನೆ ಎಂದು ಬರೆದಿದ್ದೇನಲ್ಲ! ಆಸ್ತ್ರೊವ್ ಪಾತ್ರ ಮಾಡುತ್ತಿದ್ದ ಸ್ಟಾನಿಸ್ಲಾವ್‌ಸ್ಕಿಗೆ ಕೊಟ್ಟ ಸಲಹೆ ಇನ್ನೂ ಚಿಕ್ಕದು: “ಅವನು ಸಿಳ್ಳೆ ಹಾಕುತ್ತಾನೆ. ವಾನ್ಯಾ ಅಳುತ್ತಾನೆ, ಆಸ್ತ್ರೊವ್ ಸಿಳ್ಳೆ ಹಾಕುತ್ತಾನೆ.” ಟೈ, ಸಿಳ್ಳೆ, ಬೀಗದ ಕೈ. ವೃತ್ತಿಯಲ್ಲಿ ವೈದ್ಯನೂ ಆಗಿದ್ದ ಚೆಕಾವ್‌ಗೆ ರೋಗಲಕ್ಷಣ ಸಾಕಿತ್ತು, ಉಪನ್ಯಾಸ ಬೇಕಿರಲಿಲ್ಲ.

ಮುಂದಿನ ನಿರ್ದೇಶಕರು ಮಾಸ್ಕೋದ ಆ ಭಾರವಾದ ವಾಸ್ತವದಿಂದ ಬಿಡಿಸಿಕೊಳ್ಳಲು ಹಲವು ದಾರಿ ಹಿಡಿದರು. ಮೆಯೆರ್‌ಹೋಲ್ಡ್ 1904ರಲ್ಲೇ ಚೆಕಾವ್‌ಗೆ ಪತ್ರ ಬರೆದು, ನಿಮ್ಮ ನಾಟಕ ಚೈಕೋವ್‌ಸ್ಕಿಯ ಸಿಂಫನಿಯಂತೆ ಅಮೂರ್ತ, ಮೂರನೇ ಅಂಕದ ಮೂರ್ಖ ಕುಣಿತದ ನಡುವೆ ಯಾರಿಗೂ ತಿಳಿಯದೆ ಭೀತಿ ಒಳಗೆ ಬರುತ್ತದೆ ಎಂದ. 1935ರಲ್ಲಿ ಅವನೇ ‘ಕರಡಿ’, ‘ಪ್ರಸ್ತಾಪ’, ‘ವಾರ್ಷಿಕೋತ್ಸವ’ ಎಂಬ ಮೂರು ಏಕಾಂಕಗಳನ್ನು ಸೇರಿಸಿ, ಅವುಗಳಲ್ಲಿ ಬರುವ ಮೂರ್ಛೆಗಳನ್ನು ಲೆಕ್ಕ ಹಾಕಿ, ಪ್ರಯೋಗಕ್ಕೆ ‘33 ಮೂರ್ಛೆಗಳು’ ಎಂದು ಹೆಸರಿಟ್ಟ. ಮಾಸ್ಕೋದ ತಗಾನ್ಕಾ ರಂಗಮಂದಿರದಲ್ಲಿ ಎಫ್ರೊಸ್ 1975ರಲ್ಲಿ ‘ಚೆರ್ರಿ ತೋಪು’ ಆಡಿಸುವಾಗ ರಂಗದ ನಡುವೆ ಸಮಾಧಿಯ ದಿಬ್ಬ ಇಟ್ಟ. ಹಾಡುಗಾರ ವ್ಲಾದಿಮಿರ್ ವಿಸೋತ್ಸ್‌ಕಿ ಅಲ್ಲಿ ಲೊಪಾಖಿನ್. ಮಿಲಾನಿನಲ್ಲಿ ಸ್ಟ್ರೆಹ್ಲರ್ 1974ರಲ್ಲಿ ಎಲ್ಲವನ್ನೂ ಬಿಳಿ ಮಾಡಿ, ಒಣ ಎಲೆಗಳನ್ನು ಹೊತ್ತ ದೊಡ್ಡ ಬಿಳಿಯ ಬಟ್ಟೆಯೊಂದನ್ನು ರಂಗದಿಂದ ಪ್ರೇಕ್ಷಕರ ತಲೆಯ ಮೇಲಿನವರೆಗೆ ತೂಗಿಬಿಟ್ಟ. ಅದು ಉಸಿರಾಡಿದಂತೆ ಅಲ್ಲಾಡುತ್ತಿತ್ತು. ಮರ ಒಂದೂ ಇಲ್ಲದ ತೋಪು. ಪ್ಯಾರಿಸ್ಸಿನಲ್ಲಿ ಪೀಟರ್ ಬ್ರೂಕ್ 1981ರಲ್ಲಿ ಹಳೆಯ ರಂಗಮಂದಿರದ ನೆಲಕ್ಕೆ ಜಮಖಾನೆಗಳನ್ನು ಹಾಸಿ, ಮಧ್ಯಂತರವಿಲ್ಲದೆ, ವೇಗವಾಗಿ ಆಡಿಸಿದ. ಚಿತ್ರಗಳಲ್ಲಿ ಮನಸ್ಸು ಸೆಳೆಯುವುದು ಸ್ಟ್ರೆಹ್ಲರ್‌ನ ಬಟ್ಟೆ. ಆದರೆ ಆಡುವವರ ತಂಡ ಕಲಿಯಬೇಕಾದದ್ದು ಬ್ರೂಕ್‌ನ ಜಮಖಾನೆಯಿಂದ. ಕೂರಲು ನೆಲ ಸಾಕು, ರಷ್ಯನ್ನರ ಚಹಾ ಪಾತ್ರೆ ಸಮೋವರ್ ಹುಡುಕಿಕೊಂಡು ಅಲೆಯಬೇಕಾಗಿಲ್ಲ.

ಕನ್ನಡದಲ್ಲಿ ಆಡುವವರಿಗೆ ಒಂದು ಅನುಕೂಲವಿದೆ, ಅದನ್ನು ನಾವು ಸಾಕಷ್ಟು ಬಳಸಿಲ್ಲ. ಚೆಕಾವ್ ನಮ್ಮಲ್ಲಿ ಹೆಚ್ಚಾಗಿ ಇಂಗ್ಲಿಷಿನ ಮೂಲಕ ಓದಿಸಿಕೊಂಡವನು. ಇಂಗ್ಲಿಷಿನಲ್ಲಿ ಎಲ್ಲರೂ ಎಲ್ಲರಿಗೂ ಒಂದೇ. ರಷ್ಯನ್ನಿನಲ್ಲಿ ನಮ್ಮ ಹಾಗೆ ‘ನೀನು’ ಬೇರೆ, ‘ನೀವು’ ಬೇರೆ. ಎರಡನೇ ಅಂಕದಲ್ಲಿ ಲೊಪಾಖಿನ್ ತ್ರೊಫಿಮೊವ್‌ನನ್ನು ಕೆಣಕಿ, ನನ್ನ ಬಗ್ಗೆ ಏನೆಂದುಕೊಂಡಿದ್ದೀರಿ ಎಂದು ಕೇಳುತ್ತಾನೆ. ತ್ರೊಫಿಮೊವ್‌ನ ಉತ್ತರ ‘ನೀವು’ ಎಂದು ಶುರುವಾಗುತ್ತದೆ: ನೀವು ಶ್ರೀಮಂತರು, ಬೇಗ ಲಕ್ಷಾಧೀಶರಾಗುತ್ತೀರಿ. ಪ್ರಕೃತಿಯಲ್ಲಿ ಎದುರು ಸಿಕ್ಕಿದ್ದನ್ನೆಲ್ಲ ತಿಂದುಹಾಕುವ ಮೃಗವೂ ಬೇಕು. ಹಾಗೆ “ನೀನೂ ಬೇಕು” ಎಂದು ಏಕವಚನದಲ್ಲಿ ಮುಗಿಯುತ್ತದೆ. ಎಲ್ಲರೂ ನಗುತ್ತಾರೆ. ನಾಲ್ಕನೇ ಅಂಕದಲ್ಲಿ ಬೀಳ್ಕೊಡುವಾಗ ಇಬ್ಬರೂ ನೀನು ಎನ್ನುತ್ತಾರೆ, ಆದರೆ ಅಲ್ಲಿ ಅದು ಸ್ನೇಹ: ನಿನ್ನ ಬೆರಳುಗಳು ಕಲಾವಿದನವು, ಮೃದು, ನಿನ್ನ ಜೀವವೂ ಮೃದು ಎನ್ನುತ್ತಾನೆ ಅದೇ ತ್ರೊಫಿಮೊವ್. ಅದಾಗಿ ಸ್ವಲ್ಪ ಹೊತ್ತಿಗೆ ಲೊಪಾಖಿನ್, ಎಷ್ಟೋ ವರ್ಷದಿಂದ ಬಲ್ಲ ವಾರ್ಯಾಳನ್ನು ತಂದೆಯ ಹೆಸರೂ ಸೇರಿಸಿ “ವರ್ವಾರಾ ಮಿಖೈಲೋವ್ನಾ, ನೀವು…” ಎಂದು ಕರೆಯುತ್ತಾನೆ. ಜಗಳವಾಡಿದವನಿಗೆ ನೀನು ಬಂತು, ಮದುವೆಯಾಗಬೇಕಾದವಳಿಗೆ ಬರಲಿಲ್ಲ. ಫಿರ್ಸ್‌ನದು ಇನ್ನೊಂದು ಬಗೆ. 51 ವರ್ಷದ ಗಾಯೆವ್‌ಗೆ ‘ನೀವು’ ಎನ್ನುತ್ತಲೇ, ಮತ್ತೆ ಬೇರೆ ಪ್ಯಾಂಟು ಹಾಕಿಕೊಂಡಿದ್ದೀರಲ್ಲ, ನಿಮ್ಮನ್ನು ಏನು ಮಾಡಲಿ ಎಂದು ಮಗುವಿನಂತೆ ಗದರುತ್ತಾನೆ. ಇದನ್ನು ಕನ್ನಡದ ನಟನಿಗೆ ಯಾರೂ ಕಲಿಸಬೇಕಾಗಿಲ್ಲ.

ನಾಟಕದ ಹೆಸರಿನಲ್ಲೂ ಇಂಥದೇ ಒಂದು ಸೂಕ್ಷ್ಮವಿದೆ. ಚೆಕಾವ್ ಮೊದಲು ‘ವೀಶ್ನೆವಿ ಸಾದ್’ ಎಂದು ಹೇಳುತ್ತಿದ್ದ, ಆಮೇಲೊಂದು ದಿನ ಬಂದು, ಅಲ್ಲ, ‘ವಿಶ್ನ್ಯೋವಿ ಸಾದ್’ ಎಂದು ಖುಷಿಯಿಂದ ಹೇಳಿದ ಎಂದು ಸ್ಟಾನಿಸ್ಲಾವ್‌ಸ್ಕಿ ನೆನೆಯುತ್ತಾನೆ. ಒಂದು ಒತ್ತಿನ ವ್ಯತ್ಯಾಸ. ಅವನು ಅದನ್ನು ಅರ್ಥಮಾಡಿಕೊಂಡದ್ದು ಹೀಗೆ: ಮೊದಲನೆಯದು ಆದಾಯ ಕೊಡುವ ತೋಟ, ಎರಡನೆಯದು ಹೂ ಬಿಟ್ಟು ಚೆಂದ ಕಾಣುವುದಲ್ಲದೆ ಏನೂ ಕೊಡದ್ದು. ನಮ್ಮಲ್ಲಿ ಅಡಿಕೆಯದು ತೋಟ, ತೆಂಗಿನದು ತೋಟ; ಊರಾಚೆಯ ನೆರಳು ತೋಪು. ಹಾಗಾಗಿ ‘ತೋಪು’ ಎಂಬುದೇ ನನ್ನ ಆಯ್ಕೆ. ಹಿಂದೆ ಚೆರ್ರಿಯನ್ನು ಒಣಗಿಸಿ ಮಾಸ್ಕೋಗೂ ಖಾರ್ಕೊವ್‌ಗೂ ಗಾಡಿಗಟ್ಟಲೆ ಕಳಿಸುತ್ತಿದ್ದರು, ಆಗ ಅದರ ಪಾಕ ಗೊತ್ತಿತ್ತು ಎನ್ನುತ್ತಾನೆ ಫಿರ್ಸ್. ಈಗ ಆ ಪಾಕ ಎಲ್ಲಿ ಎಂದು ರನ್ಯೆವ್‌ಸ್ಕಾಯಾ ಕೇಳುತ್ತಾಳೆ. ಮರೆತಿದ್ದಾರೆ, ಯಾರಿಗೂ ನೆನಪಿಲ್ಲ. ತೋಟ ತೋಪಾದದ್ದು ಹಾಗೆ. ಇನ್ನೊಂದು ಶಬ್ದ ಮಾತ್ರ ನನಗೆ ಇಂದಿಗೂ ಬಗೆಹರಿದಿಲ್ಲ. ಫಿರ್ಸ್ ಎಲ್ಲರನ್ನೂ ಬೈಯುವ, ಕೊನೆಗೆ ತನ್ನನ್ನೇ ಬೈದುಕೊಳ್ಳುವ ‘ನೆದತ್ಯೋಪಾ’. ದಂಡಪಿಂಡ ಎಂದರೆ ಖಾರ ಹೆಚ್ಚಾಯಿತು, ಪೆದ್ದ ಎಂದರೆ ಸಾಲದು. ನಮ್ಮ ತಂಡ ಕೊನೆಗೆ ‘ಕೆಲಸಕ್ಕೆ ಬಾರದವನೇ’ ಎಂದು ಇಟ್ಟುಕೊಂಡಿತು. ಬದುಕೆಲ್ಲ ಕೆಲಸ ಮಾಡಿದವನ ಬಾಯಲ್ಲಿ ಅದು ಪರವಾಗಿಲ್ಲ ಎನಿಸಿತು.

ಆ ಮುದುಕ ಆ ಮಾತಾಡುವುದು ಬೀಗ ಹಾಕಿದ ಮನೆಯೊಳಗೆ. ಅವನು ಅಲ್ಲಿ ಉಳಿದದ್ದು ಹೇಗೆ ಎಂಬುದನ್ನು ಚೆಕಾವ್ ನಮ್ಮ ಕಣ್ಣೆದುರೇ ನಡೆಸಿದ್ದಾನೆ. ಫಿರ್ಸ್‌ನನ್ನು ಆಸ್ಪತ್ರೆಗೆ ಕಳಿಸಿದರೇ ಎಂದು ರನ್ಯೆವ್‌ಸ್ಕಾಯಾಳ ಮಗಳು ಆನ್ಯಾ ಕೇಳುತ್ತಾಳೆ. ಬೆಳಗ್ಗೆಯೇ ಹೇಳಿದ್ದೆ, ಕಳಿಸಿರಬೇಕು ಎನ್ನುತ್ತಾನೆ ಆಳು ಯಾಷಾ. ಸ್ವಲ್ಪ ವಿಚಾರಿಸಿ ಎಂದು ಅವಳು ಗುಮಾಸ್ತ ಯೆಪಿಖೋದೊವ್‌ಗೆ ಹೇಳುತ್ತಾಳೆ; ಯಾಷಾಗೆ ಅವಮಾನವಾಗುತ್ತದೆ, ಹತ್ತು ಸಲ ಯಾಕೆ ಕೇಳಬೇಕು ಎಂದು ಸಿಡುಕುತ್ತಾನೆ; ಯೆಪಿಖೋದೊವ್ ಮುದುಕನ ವಯಸ್ಸಿನ ಬಗ್ಗೆ ತತ್ತ್ವ ಹೇಳುತ್ತಾನೆ. ಬಾಗಿಲಾಚೆಯಿಂದ ವಾರ್ಯಾ ಕೇಳುತ್ತಾಳೆ: ಕಳಿಸಿಯಾಯಿತೇ? ಆಯಿತು. ಹಾಗಾದರೆ ಡಾಕ್ಟರಿಗೆ ಕೊಡಬೇಕಾದ ಪತ್ರ ಇಲ್ಲೇ ಯಾಕಿದೆ? ಇಷ್ಟು ಹೊತ್ತಿಗೆ ಸಭೆ ನಗುತ್ತಿರುತ್ತದೆ. ರನ್ಯೆವ್‌ಸ್ಕಾಯಾಗೂ ಅದೇ ಚಿಂತೆ. ಆನ್ಯಾ ಅವಳಿಗೆ ಕಳಿಸಿಯಾಯಿತಮ್ಮ ಎನ್ನುತ್ತಾಳೆ. ಎಲ್ಲರೂ ಕೇಳುತ್ತಾರೆ, ಒಬ್ಬರೂ ಹೋಗಿ ನೋಡುವುದಿಲ್ಲ, ಏಕೆಂದರೆ ರೈಲಿಗೆ ಹೊತ್ತಾಗಿದೆ. ಈ ಸಾಲುಗಳನ್ನು ಚುರುಕಾಗಿ ಆಡದೆ, ‘ಮುಂದೆ ಇದು ಮುಖ್ಯ’ ಎಂಬಂತೆ ಒತ್ತಿ ಹೇಳಿದರೆ ಕೊನೆಯಲ್ಲಿ ಮುದುಕ ಕಾಣಿಸಿಕೊಂಡಾಗ ಯಾರಿಗೂ ಅಚ್ಚರಿಯಾಗುವುದಿಲ್ಲ.

ಕೊಡಲಿಯ ಸದ್ದೂ ಹಾಗೆಯೇ. ಅದು ಕೊನೆಯಲ್ಲಿ ಮೊದಲ ಬಾರಿ ಕೇಳುವುದಲ್ಲ. ಅಂಕದ ನಡುವೆಯೇ ಶುರುವಾಗುತ್ತದೆ. ಅಮ್ಮ ಹೊರಡುವ ತನಕ ಮರ ಕಡಿಸಬೇಡಿ ಎನ್ನುತ್ತಿದ್ದಾಳೆ ಎಂದು ಆನ್ಯಾ ಬಂದು ಹೇಳಿದಾಗ ಲೊಪಾಖಿನ್ ಮುಜುಗರದಿಂದ, ಈಗಲೇ, ಈಗಲೇ ನಿಲ್ಲಿಸುತ್ತೇನೆ, ಎಂಥ ಜನವಪ್ಪ ಎಂದು ಓಡುತ್ತಾನೆ. ಕೊಟ್ಟ ಮಾತು ಉಳಿಸಿಕೊಳ್ಳುತ್ತಾನೆ ಕೂಡ. ಬಂಡಿಗಳು ಹೊರಟ ಮೇಲೆಯೇ ಕೆಲಸ ಮತ್ತೆ ಆರಂಭ. ನಮ್ಮ ಪ್ರಯೋಗದಲ್ಲಿ ವಿಂಗ್ಸಿನ ಹಿಂದೆ ಹಲಸಿನ ಕೊರಡೊಂದನ್ನು ಇಟ್ಟು, ಕೊಡಲಿ ಹಿಡಿದು ಒಬ್ಬ ಹುಡುಗ ನಿಂತಿದ್ದ. ಮೊದಲ ದಿನ ಅವನು ಒಂದೊಂದು ಏಟಿಗೂ ಬಹಳ ಅಂತರ ಬಿಟ್ಟು, ಗುಡಿಯ ಗಂಟೆಯಂತೆ, ಗಂಭೀರವಾಗಿ ಹೊಡೆದ. ನಿರ್ದೇಶಕರು ಒಳಗೆ ಹೋಗಿ ಹೇಳಿದರು: “ಇದೇನು ಪ್ರಳಯವಲ್ಲಪ್ಪ. ದಿನಗೂಲಿಯವನ ಹಾಗೆ ಹೊಡೆ.” ಮರುದಿನ ಅವನು ನಾಲ್ಕು ಏಟು ಸಮನಾಗಿ ಹಾಕಿ, ಕೈ ಬದಲಿಸಲು ಒಂದು ಗಳಿಗೆ ನಿಲ್ಲಿಸಿ, ಮತ್ತೆ ನಾಲ್ಕು ಹಾಕಿದ. ರಂಗದ ಮೇಲೆ ಫಿರ್ಸ್ ಪಾತ್ರದವರು ಅಲುಗಾಡದೆ ಮಲಗಿದ್ದರು. ದೀಪ ಆರಿದ ಮೇಲೂ ಹುಡುಗ ಇನ್ನೂ ನಾಲ್ಕು ಹೊಡೆದ.